ಬಾಡದಿಂದ ಕಾಗಿನೆಲೆಗೆ: ಕನಕದಾಸರ ಊರನ್ನು ಕುರಿತು ಒಂದು ದಿನದ ಸಂಚಾರ

ಹುಬ್ಬಳ್ಳಿಯಿಂದ ಹರಿಹರದ ಕಡೆಗೆ ಸಾಗುವ ರೈಲುದಾರಿಯಲ್ಲಿ ಯಲವಿಗಿಯು ಒಂದು ಸಣ್ಣ ನಿಲ್ದಾಣ. ಇಲ್ಲಿಂದ ಈಶಾನ್ಯಕ್ಕೆ ತಿರುಗಿದರೆ ಲಕ್ಷ್ಮೇಶ್ವರ, ನೈಋತ್ಯಕ್ಕೆ ತಿರುಗಿದರೆ ಸವಣೂರು. ಲಕ್ಷ್ಮೇಶ್ವರವೇ ಹಿಂದಿನ ಪುಲಿಗೆರೆ. ಕವಿರಾಜಮಾರ್ಗವು ತಿರುಳ್ಗನ್ನಡದ ನಾಡನ್ನು ಗುರುತಿಸುವಾಗ ಹೆಸರಿಸಿದ ನಾಲ್ಕು ಊರುಗಳಲ್ಲಿ ಅದೂ ಒಂದು. ಪಂಪನು ತನ್ನ ಕಾವ್ಯದ ಭಾಷೆಯನ್ನು ಆ ಊರಿನ ಹೆಸರಿನಿಂದಲೇ ಕರೆದಿರುವನು. ಹೀಗೆ ಕನ್ನಡ ಸಾಹಿತ್ಯದ ಹಳೆಯ ನೆಲೆಯೊಂದಕ್ಕೆ ಯಲವಿಗಿಯು ಹೊಸ್ತಿಲಿನಂತಿದೆ. ಆದರೆ ನಮ್ಮ ಪ್ರಕೃತ ಸಂಚಾರವು ಆ ದಿಕ್ಕಿನದಲ್ಲ. ನಾವು ಬೆಳಗಿನ ಗಾಡಿಯಿಂದ ಯಲವಿಗಿಯಲ್ಲಿ ಇಳಿದು, ಸವಣೂರು ಬಂಕಾಪುರಗಳ ಮಾರ್ಗವಾಗಿ ಕನಕದಾಸರ ಹುಟ್ಟೂರೆಂದು ಪ್ರಸಿದ್ಧವಾದ ಬಾಡಕ್ಕೂ, ಅಲ್ಲಿಂದ ಕಾಗಿನೆಲೆಗೂ ಹೋಗಿ, ಸಂಜೆ ಹಾವೇರಿಯ ನಿಲ್ದಾಣವನ್ನು ಸೇರುವಂತೆ ಯೋಜನೆ ಮಾಡಿಕೊಂಡಿದ್ದೆವು.

ಇಂಥ ಪ್ರವಾಸಗಳಿಗೆ ಮೊದಲೇ ಒಂದು ಮಾರ್ಗಸೂಚಿಯನ್ನು ಅಚ್ಚು ಮಾಡಿಸಿ ವಿದ್ಯಾರ್ಥಿಗಳ ಕೈಗೆ ಕೊಡುವುದು ವಾಡಿಕೆ. ಈ ಸಲವೂ ಕೊಟ್ಟಿದ್ದೆವು. ಅದರಲ್ಲಿ ಬಾಡದ ಎದುರಿಗೆ ನಾವು ಬರೆದದ್ದು ಎರಡೇ ಮಾತು: ‘ಕನಕದಾಸರ ಅರಮನೆ’. ಈ ಎರಡು ಮಾತಿನಲ್ಲಿರುವ ತಪ್ಪು ಏನೆಂಬುದನ್ನು ನಾವು ಬಾಡದಲ್ಲಿಯೇ, ಅದೂ ಆ ಊರಿನ ಹಿರಿಯರೊಬ್ಬರ ಬಾಯಿಂದಲೇ, ತಿಳಿಯಬೇಕಾಯಿತು. ಆ ತಪ್ಪನ್ನು ತಿದ್ದುವ ಸಲುವಾಗಿ ಆರಂಭಿಸಿದ ಟಿಪ್ಪಣಿಯೇ ಬೆಳೆದು ಈ ಲೇಖನವಾಗಿದೆ. ಕವಿಯ ಊರೆಂದರೆ ಯಾವುದು, ಅದನ್ನು ಯಾವ ಸಾಕ್ಷ್ಯದಿಂದ ನಿರ್ಣಯಿಸಬೇಕು, ಅದನ್ನು ನೋಡಲು ಹೋದವರಿಗೆ ಏನನ್ನು ಏನೆಂದು ತೋರಿಸಬೇಕು ಎಂಬ ಮೂರು ಪ್ರಶ್ನೆಗಳು ಇದರಲ್ಲಿ ಹೆಣೆದುಕೊಂಡಿವೆ.

ಸವಣೂರಿನಲ್ಲಿ ನಾವು ಹೆಚ್ಚು ಹೊತ್ತು ನಿಲ್ಲಲಿಲ್ಲ. ನವಾಬರ ರಾಜಧಾನಿಯಾಗಿದ್ದ ಈ ಊರಿನ ಚರಿತ್ರೆ ಬಹುಮಟ್ಟಿಗೆ ಕನಕದಾಸರ ಕಾಲದ ನಂತರದ್ದು. ಔರಂಗಜೇಬನ ಕಾಲದಲ್ಲಿ ಬಂಕಾಪುರದ ಜಹಗೀರಿ ಸವಣೂರಿನ ಮನೆತನಕ್ಕೆ ಬಂದ ಮೇಲೆ ಈ ಸೀಮೆಯ ಅಧಿಕಾರದ ಕೇಂದ್ರವು ಕ್ರಮವಾಗಿ ಬಂಕಾಪುರದಿಂದ ಇಲ್ಲಿಗೆ ಸರಿಯಿತು ಎಂಬುದನ್ನು ಮಾತ್ರ ಅಭ್ಯಾಸಿಗಳು ನೆನಪಿನಲ್ಲಿಡಬೇಕು. ಏಕೆಂದರೆ ಯಲವಿಗಿಯಿಂದ ಬಾಡಕ್ಕೆ ಹೋಗುವವನು ಕಾಲದಲ್ಲಿ ಹಿಂದುಹಿಂದಕ್ಕೆ ನಡೆಯುತ್ತಾನೆ: ಮೊದಲು ರೈಲು, ಆಮೇಲೆ ನವಾಬರು, ಆಮೇಲೆ ಆದಿಲಶಾಹಿ, ಆಮೇಲೆ ವಿಜಯನಗರ. ಕಲ್ಮಠದ ಆವರಣದ ದೊಡ್ಡ ಹುಣಸೆಮರಗಳನ್ನು ನೋಡದೆ ಬರಲು ವಿದ್ಯಾರ್ಥಿಗಳು ಒಪ್ಪಲಿಲ್ಲ. ಅವು ಹೆಸರಿಗೆ ಹುಣಸೆಯಾದರೂ ಆಫ್ರಿಕ ಖಂಡದ ಮೂಲದ ಮರಗಳು. ಮೂರು ಮರಗಳ ಬುಡವನ್ನು ಸುತ್ತಿ ಬರುವುದರಲ್ಲಿ ಅರ್ಧ ಗಂಟೆ ಕಳೆಯಿತು. ಇರಲಿ.

ಬಂಕಾಪುರದ ವಿಷಯ ಹಾಗಲ್ಲ. ಇದನ್ನು ಸರಿಯಾಗಿ ನೋಡದೆ ಬಾಡಕ್ಕೆ ಹೋದರೆ ಕನಕದಾಸರ ಪೂರ್ವಾಶ್ರಮದ ಕಥೆಗೆ ಹಿನ್ನೆಲೆಯೇ ಇಲ್ಲದಂತಾಗುತ್ತದೆ. ರಾಷ್ಟ್ರಕೂಟ ಚಕ್ರವರ್ತಿ ಅಮೋಘವರ್ಷ ನೃಪತುಂಗನ ನಂಬಿಕೆಯ ದಂಡನಾಯಕನಾದ ಬಂಕೇಯನ ಹೆಸರಿನಿಂದ ಈ ಪಟ್ಟಣಕ್ಕೆ ಈ ಹೆಸರು ಬಂದಿತು. ಅವನ ಮಗ ಲೋಕಾದಿತ್ಯನು ಇಲ್ಲಿಂದ ಆಳುತ್ತಿದ್ದಾಗ, ಶಕವರ್ಷ ೮೨೦ರಲ್ಲಿ, ಎಂದರೆ ಕ್ರಿ. ಶ. ೮೯೮ರ ಸುಮಾರಿನಲ್ಲಿ, ಗುಣಭದ್ರಾಚಾರ್ಯರ ಉತ್ತರಪುರಾಣಕ್ಕೆ ಇಲ್ಲಿಯೇ ಪೂಜೆ ಸಂದಿತೆಂದು ಆ ಗ್ರಂಥದ ಪ್ರಶಸ್ತಿಯಿಂದ ತಿಳಿದುಬರುತ್ತದೆ. ಗಂಗರ ಮಾರಸಿಂಹನು ರಾಜ್ಯವನ್ನು ತೊರೆದು, ಅಜಿತಸೇನ ಭಟ್ಟಾರಕರ ಸನ್ನಿಧಿಯಲ್ಲಿ ಸಲ್ಲೇಖನ ವ್ರತವನ್ನು ಕೈಕೊಂಡು ದೇಹವನ್ನು ಬಿಟ್ಟದ್ದು ಕೂಡ ಬಂಕಾಪುರದಲ್ಲಿಯೇ. ಶ್ರವಣಬೆಳಗೊಳದ ಕೂಗೆ ಬ್ರಹ್ಮದೇವರ ಕಂಬದ ಶಾಸನವು ಇದನ್ನು ಹೇಳುತ್ತದೆ. ಕತ್ತಿಯನ್ನು ಕೆಳಗಿಟ್ಟು ವಿರಕ್ತನಾದ ಅಧಿಕಾರಿಯ ಕಥೆ ಈ ನೆಲಕ್ಕೆ ಹೊಸದಲ್ಲವೆಂಬುದನ್ನು ಇಲ್ಲಿ ಸುಮ್ಮನೆ ಸೂಚಿಸಿ ಮುಂದೆ ಹೋಗುತ್ತೇವೆ. ಎರಡು ಘಟನೆಗಳಿಗೂ ನಡುವೆ ಐದೂವರೆ ಶತಮಾನಗಳ ಅಂತರವಿದೆ. ಮತವೂ ಬೇರೆ, ಸಂದರ್ಭವೂ ಬೇರೆ.

ಕೋಟೆಯ ಒಳಗಿನ ನಗರೇಶ್ವರ ದೇವಾಲಯವನ್ನು ಜನರು ಅರವತ್ತು ಕಂಬದ ಗುಡಿಯೆಂದು ಕರೆಯುತ್ತಾರೆ. ಕಂಬಗಳು ಅರವತ್ತಾರು. ಚಾಲುಕ್ಯ ಶೈಲಿಯ ಈ ಗುಡಿಯ ವಿಶಾಲ ಮಂಟಪದಲ್ಲಿ ಚರಕಿಗೆ ಹಿಡಿದು ತಿರುಗಿಸಿದಂತಿರುವ ನುಣುಪಾದ ಕಂಬಗಳ ಸಾಲುಗಳ ನಡುವೆ ನಿಂತಾಗ, ಇದನ್ನು ಕಟ್ಟಿಸಿದ ಪಟ್ಟಣದ ಸಿರಿ ಎಷ್ಟಿದ್ದಿತೆಂಬುದು ಯಾವ ಲೆಕ್ಕಪತ್ರವೂ ಇಲ್ಲದೆ ಮನದಟ್ಟಾಗುತ್ತದೆ. ಗುಡಿಯು ಭಗ್ನವಾದ ಸ್ಥಿತಿಯಲ್ಲಿದೆ. ಕೋಟೆಯ ಬಹುಭಾಗದಲ್ಲಿ ಈಗ ದನಗಳ ತಳಿಸಂವರ್ಧನ ಕ್ಷೇತ್ರವಿದೆ; ನವಿಲುಗಳ ರಕ್ಷಿತಾರಣ್ಯವೂ ಇದೇ ಆವರಣದಲ್ಲಿದೆ. ನಮ್ಮಲ್ಲಿ ಕೆಲವರು ಶಾಸನವನ್ನು ನೋಡುತ್ತಿದ್ದಾಗ ಮತ್ತೆ ಕೆಲವರು ನವಿಲುಗಳನ್ನು ಎಣಿಸುತ್ತಿದ್ದರು. ಅದನ್ನು ನಾವು ತಪ್ಪೆಂದು ಹೇಳಲಾರೆವು.

ವಿಜಯನಗರದ ಕಾಲದಲ್ಲಿಯೂ ಬಂಕಾಪುರವು ಮಹತ್ವದ ದುರ್ಗವಾಗಿದ್ದಿತು. ೧೫೬೫ರ ರಕ್ಕಸತಂಗಡಿ ಯುದ್ಧದ ಅನಂತರವೂ ಕೆಲವು ವರ್ಷಗಳವರೆಗೆ ಇದು ಕೈಬಿಡಲಿಲ್ಲ. ವಿಜಾಪುರದ ಅಲಿ ಆದಿಲಶಹನ ಸೈನ್ಯವು ೧೫೭೦ರ ದಶಕದ ನಡುವಿನಲ್ಲಿ ಇದನ್ನು ಮುತ್ತಿ, ವರ್ಷಕ್ಕೂ ಮಿಕ್ಕಿದ ಮುತ್ತಿಗೆಯ ಬಳಿಕವೇ ವಶಪಡಿಸಿಕೊಂಡಿತೆಂದು ಫೆರಿಸ್ತಾನ ಬರವಣಿಗೆಯಿಂದ ತಿಳಿಯುತ್ತದೆ. ಈ ಸಂಗತಿಯನ್ನು ಮುಂದೆ ಮತ್ತೆ ಎತ್ತಿಕೊಳ್ಳಬೇಕಾಗುತ್ತದೆ.

ಬಂಕಾಪುರದಿಂದ ಬಾಡಕ್ಕೆ ದೂರವಿಲ್ಲ. ಯಲವಿಗಿಯ ಕಡೆಯ ಎರೆಭೂಮಿಯಲ್ಲಿ ಜೋಳ ಹತ್ತಿಗಳನ್ನು ಕಂಡವರಿಗೆ ಪಶ್ಚಿಮಕ್ಕೆ ಸರಿದಂತೆ ಹಾನಗಲ್ಲ ಸೀಮೆಯ ಭತ್ತದ ಗದ್ದೆಗಳ ನೆರೆ ತಿಳಿಯತೊಡಗುತ್ತದೆ. ಒಣಬೇಸಾಯದ ಧಾನ್ಯಕ್ಕೂ ನೀರಿನ ಧಾನ್ಯಕ್ಕೂ ಇರುವ ಗಡಿ ಈ ಸೀಮೆಯಲ್ಲಿಯೇ ಹಾಯ್ದುಹೋಗುತ್ತದೆ. ರಾಮಧಾನ್ಯಚರಿತೆಯಲ್ಲಿ ರಾಗಿಗೂ ಭತ್ತಕ್ಕೂ ಶ್ರೀರಾಮನ ಎದುರಿನಲ್ಲಿ ವ್ಯಾಜ್ಯವನ್ನು ಹೂಡಿ, ಎರಡನ್ನೂ ಆರು ತಿಂಗಳು ಸೆರೆಯಲ್ಲಿಡಿಸಿ, ಕೊನೆಗೆ ರಾಗಿಯನ್ನು ಗೆಲ್ಲಿಸಿದ ಕವಿಯು ಈ ಗಡಿಯಲ್ಲಿ ಬೆಳೆದವನೆಂದರೆ ಕೇಳಲು ಇಂಪಾಗಿಯೇ ಇದೆ. ವಿದ್ಯಾರ್ಥಿಯೊಬ್ಬನು ಹಾಗೆ ಹೇಳಿಯೂ ಹೇಳಿದನು. ಆದರೆ ಇಲ್ಲಿ ಕಣ್ಣಿಗೆ ಎದ್ದು ಕಾಣುವ ಒಣಧಾನ್ಯವು ಜೋಳ, ಕಾವ್ಯದ ನಾಯಕನು ರಾಗಿ. ಆದ್ದರಿಂದ ಈ ಊಹೆಯನ್ನು ಊಹೆಯೆಂದೇ ಬರೆದಿಟ್ಟುಕೊಳ್ಳಬೇಕು. ಆ ಕಾವ್ಯದಲ್ಲಿ ವಾದವಾಗುವುದು ಬೆಳೆಯ ವಿಷಯವಲ್ಲ, ಬಡವನ ಅನ್ನವನ್ನು ಕೀಳೆಂದು ಹಳಿಯುವವರ ವಿಷಯ. ಅದಕ್ಕೆ ಯಾವ ಊರಾದರೂ ಸಾಕು.

‘ಬಾಡ’ ಎಂಬ ಹೆಸರನ್ನು ಕುರಿತು ಒಂದು ಮಾತು. ಹಳಗನ್ನಡ ಶಾಸನಗಳಲ್ಲಿ ಬಾಡವೆಂದರೆ ಊರು, ಗ್ರಾಮ. ದಾನಕೊಟ್ಟ ಹಳ್ಳಿಯನ್ನು ಇಂಥ ಕಂಪಣದ ಬಳಿಯ ಬಾಡವೆಂದು ಹೇಳುವುದು ಈ ಭಾಗದ ಶಾಸನಗಳ ಸಾಮಾನ್ಯ ಪದ್ಧತಿ. ಕುಮಟೆಯ ಹತ್ತಿರವೂ ಬಾಡವಿದೆ, ದಾವಣಗೆರೆಯ ಕಡೆಯಲ್ಲಿಯೂ ಬಾಡವಿದೆ. ಊರೆಂಬ ಸಾಮಾನ್ಯನಾಮವೇ ಅಂಕಿತನಾಮವಾಗಿ ನಿಂತ ಇಂಥ ಕಡೆಗಳಲ್ಲಿ, ಕಾವ್ಯದಲ್ಲಿಯೋ ಓಲೆಗರಿಯಲ್ಲಿಯೋ ‘ಬಾಡ’ ಎಂಬ ಶಬ್ದವು ಕಂಡ ಮಾತ್ರಕ್ಕೆ ಅದು ಶಿಗ್ಗಾವಿ ತಾಲೂಕಿನ ಈ ಬಾಡವೇ ಎಂದು ಹೇಳಲಾಗುವುದಿಲ್ಲ. ಇಲ್ಲಿ ನಿರ್ಣಾಯಕವಾದದ್ದು ಶಬ್ದವಲ್ಲ, ಬಂಕಾಪುರದ ನೆರೆ ಮತ್ತು ಜನರ ಐತಿಹ್ಯ.

ಆ ಐತಿಹ್ಯವು ಕನ್ನಡಿಗರಿಗೆಲ್ಲ ಪರಿಚಿತವಾದದ್ದು. ಕುರುಬ ಮನೆತನದ ಬೀರಪ್ಪ ಬಚ್ಚಮ್ಮ ದಂಪತಿಗಳಿಗೆ ತಿರುಪತಿಯ ತಿಮ್ಮಪ್ಪನ ಹರಕೆಯಿಂದ ಹುಟ್ಟಿದ ತಿಮ್ಮಪ್ಪ ನಾಯಕನು ತಂದೆಯ ಅನಂತರ ಬಂಕಾಪುರ ಪ್ರಾಂತದ ಎಪ್ಪತ್ತೆಂಟು ಹಳ್ಳಿಗಳಿಗೆ ಡಣಾಯಕನಾದನು. ನೆಲದಲ್ಲಿ ಹೊನ್ನಿನ ಕೊಪ್ಪರಿಗೆ ದೊರೆತು, ಅದನ್ನು ಜನಹಿತಕ್ಕೆ ವಿನಿಯೋಗಿಸಿ, ಕನಕ ನಾಯಕನೆನಿಸಿದನು. ಆದಿಕೇಶವನು ಕನಸಿನಲ್ಲಿ ಬಂದು ತನ್ನ ದಾಸನಾಗೆಂದು ಕರೆದರೂ ಅಧಿಕಾರವನ್ನು ಬಿಡಲಿಲ್ಲ. ಕೊನೆಗೆ ಯುದ್ಧವೊಂದರಲ್ಲಿ ಗಾಯಗೊಂಡು ಹೆಣಗಳ ನಡುವೆ ಬಿದ್ದಿದ್ದಾಗ ಮತ್ತೆ ಅದೇ ಕರೆ ಕೇಳಿಸಿತು. ಈ ಸಲ ಒಪ್ಪಿದನು. ಬಾಡದಲ್ಲಿದ್ದ ಆದಿಕೇಶವನ ಮೂರ್ತಿಯನ್ನು ಕಾಗಿನೆಲೆಗೆ ಒಯ್ದು ಗುಡಿ ಕಟ್ಟಿಸಿ, ತಾನೂ ಅಲ್ಲಿಯೇ ನಿಂತು ಕನಕದಾಸನಾದನು. ಹೇಳುವವರು ಹೆಚ್ಚು ಕಡಿಮೆ ಮಾಡಿದರೂ ಕಥೆಯ ಎಲುಬು ಇದೇ.

ಊರಿಗೆ ಬಂದವನಿಗೆ ಮೊದಲು ಕಾಣುವುದು ಕೋಟೆ ಮತ್ತು ಅರಮನೆಯ ರೂಪದ ದೊಡ್ಡ ಕಟ್ಟಡ. ಕಾಗಿನೆಲೆ ಅಭಿವೃದ್ಧಿ ಪ್ರಾಧಿಕಾರವು ನಮ್ಮ ಕಾಲದಲ್ಲಿ ಇದನ್ನು ಕಟ್ಟಿಸಿದೆ. ಕನಕದಾಸರ ಜೀವನದ ಘಟನೆಗಳನ್ನು ಇಲ್ಲಿ ಚಿತ್ರಗಳಲ್ಲಿಯೂ ಮೂರ್ತಿಗಳಲ್ಲಿಯೂ ತೋರಿಸಲಾಗಿದೆ. ಶಾಲೆಯ ಮಕ್ಕಳು ತಂಡತಂಡವಾಗಿ ಬಂದು ಸಂತೋಷದಿಂದ ನೋಡುತ್ತಾರೆ. ಹಳ್ಳಿಗಾಡಿನಲ್ಲಿ ಒಬ್ಬ ಕವಿಗೆ ಇಷ್ಟು ದೊಡ್ಡ ಗೌರವವು ಸಲ್ಲುವುದು ನಮ್ಮ ನಾಡಿನಲ್ಲಿ ಅಪರೂಪ. ಆದರೆ ನಮ್ಮ ವಿದ್ಯಾರ್ಥಿಗಳು ಕೈಯಲ್ಲಿದ್ದ ಮಾರ್ಗಸೂಚಿಯ ಪ್ರಕಾರ ಟಿಪ್ಪಣಿಯನ್ನು ಬರೆಯತೊಡಗಿದ್ದರು. ಒಬ್ಬನು ಬಾಗಿಲುವಾಡದ ಕೆತ್ತನೆಯಲ್ಲಿ ‘೧೬ನೆಯ ಶತಮಾನದ ಲಕ್ಷಣ’ಗಳನ್ನು ಗುರುತಿಸಿದ್ದನು. ಇನ್ನೊಬ್ಬಳಿಗೆ ಮಾತ್ರ ಸಂದೇಹ ಬಂದು, ಕಟ್ಟೆಯ ಮೇಲೆ ಕುಳಿತಿದ್ದ ಊರಿನ ಹಿರಿಯರನ್ನು ನೇರವಾಗಿಯೇ ಕೇಳಿದಳು.

“ಅಜ್ಜಾರ, ಈ ಅರಮನಿ ಕನಕದಾಸರ ಕಾಲದ್ದೇನ್ರೀ?”

“ಇಲ್ಲವ್ವಾ. ಇದು ಮೊನ್ನಿ ಮೊನ್ನಿ ಕಟ್ಟಿದ್ದು, ನಾ ನೋಡನೋಡತ ಕಟ್ಟ್ಯಾರ. ಅವರ ವಾಡೇದ ಜಾಗಾ ಇಲ್ಲೇ ಇತ್ತಂತ ನಮ್ಮ ಹಿರ್ಯಾರು ಹೇಳತಿದ್ರು. ಅವರೂ ಹೇಳಿಸಿಕೊಂಡವರ ಅಂತನ್ರಿ.”

ಪ್ರಮಾಣಶಾಸ್ತ್ರದ ಮೇಲೆ ನಾವು ತರಗತಿಯಲ್ಲಿ ಕೊಡುವ ಉಪನ್ಯಾಸಕ್ಕಿಂತ ಈ ನಾಲ್ಕು ಮಾತು ಹೆಚ್ಚು ಸ್ಪಷ್ಟವಾಗಿದ್ದವು. ಕಣ್ಣಾರೆ ಕಂಡದ್ದನ್ನು ಕಂಡದ್ದೆಂದೂ, ಹಿರಿಯರಿಂದ ಕೇಳಿದ್ದನ್ನು ಕೇಳಿದ್ದೆಂದೂ, ಆ ಹಿರಿಯರು ಕೂಡ ಕೇಳಿದವರೇ ಎಂದೂ ಅವರು ಬೇರೆ ಬೇರೆಯಾಗಿ ಎತ್ತಿ ಇಟ್ಟರು. ಬೆರಸಿದವರು ನಾವು. ಹೊಸ ಕಟ್ಟಡವು ತನ್ನನ್ನು ಹಳೆಯದೆಂದು ಹೇಳಿಕೊಂಡಿರಲಿಲ್ಲ. ನಮ್ಮ ಮಾರ್ಗಸೂಚಿ ಹಾಗೆ ಹೇಳಿಸಿತ್ತು. ಇಂಥ ಕಟ್ಟಡಕ್ಕೆ ಐವತ್ತು ಮಳೆಗಾಲ ಹಿಡಿದು, ಗಾರೆಯು ಕಪ್ಪಾಗಿ, ಕಟ್ಟುವುದನ್ನು ನೋಡಿದ ತಲೆಮಾರು ಇಲ್ಲವಾದ ಮೇಲೆ, ಆಗ ಬರುವ ವಿದ್ಯಾರ್ಥಿಗೆ ಉತ್ತರ ಹೇಳುವವರು ಯಾರು? ನಮ್ಮಂಥವರು ಬರೆದಿಟ್ಟ ಕಾಗದವೇ ಅವನಿಗೆ ಆಧಾರವಾಗುತ್ತದೆ. ಸ್ಥಳಪುರಾಣಗಳು ಹುಟ್ಟುವ ಬಗೆ ಇದೇ. ಅದರಲ್ಲಿ ನಮ್ಮ ಪಾಲೂ ಸೇರುವುದರಲ್ಲಿತ್ತು.

ಇನ್ನು ಕಾಲದ ಪ್ರಶ್ನೆ. ಕನಕದಾಸರ ಜೀವಿತವನ್ನು ೧೫೦೯ರಿಂದ ೧೬೦೯ರ ವರೆಗೆ ಎಂದು ಹೇಳುವುದು ರೂಢಿಯಾಗಿದೆ. ನೂರು ವರ್ಷಗಳ ತುಂಬು ಬಾಳು ಅಸಂಭವವೇನೂ ಅಲ್ಲ. ಆದರೆ ಆದ್ಯಂತಗಳು ಸರಿಯಾಗಿ ನೂರಕ್ಕೆ ಕೂಡಿ ಬರುವುದನ್ನೂ, ಆದಿಯ ವರ್ಷವು ಕೃಷ್ಣದೇವರಾಯನು ಪಟ್ಟಕ್ಕೆ ಬಂದ ವರ್ಷವೇ ಆಗಿರುವುದನ್ನೂ ಕಂಡಾಗ ಚರಿತ್ರೆಯ ಅಭ್ಯಾಸಿಯು ಕೊಂಚ ತಡೆದು ನಿಲ್ಲುವುದು ಲೇಸು. ನಮಗೆ ದೊರೆಯುವ ಗಟ್ಟಿಯಾದ ಊರುಗೋಲು ಬೇರೆ ಕಡೆಯಲ್ಲಿದೆ. ವ್ಯಾಸರಾಯರು ೧೫೩೯ರಲ್ಲಿ ವೃಂದಾವನಸ್ಥರಾದರು. ಆನೆಗೊಂದಿಯ ನವವೃಂದಾವನದಲ್ಲಿ ಅವರ ವೃಂದಾವನವಿದೆ. ವ್ಯಾಸರಾಯರಿಗೆ ಕನಕದಾಸರ ಮೇಲಿದ್ದ ವಿಶೇಷ ಕೃಪೆಯನ್ನೂ, ಅದನ್ನು ಕಂಡು ಮಠದ ಇತರರು ಗೊಣಗಿದ್ದನ್ನೂ ಪುರಂದರದಾಸರ ಪದವೊಂದು ವರ್ಣಿಸುತ್ತದೆ. ಇದನ್ನು ನಂಬುವುದಾದರೆ ೧೫೩೯ಕ್ಕೆ ಮೊದಲೇ ಕನಕದಾಸರು ನಾಯಕತನವನ್ನು ಬಿಟ್ಟು ಹರಿದಾಸರಾಗಿ ಹೆಸರು ಪಡೆದಿರಬೇಕು. ೧೫೦೯ರಲ್ಲಿ ಹುಟ್ಟಿದವನಿಗೆ ಆಗ ಮೂವತ್ತು ವರ್ಷ. ತಂದೆಯ ಅಧಿಕಾರ, ಹೊನ್ನಿನ ಕೊಪ್ಪರಿಗೆ, ಯುದ್ಧ, ವೈರಾಗ್ಯ, ಕಾಗಿನೆಲೆಯ ಗುಡಿ, ವ್ಯಾಸರಾಯರ ಶಿಷ್ಯತ್ವ ಇವೆಲ್ಲವೂ ಆ ಮೂವತ್ತರೊಳಗೆ ಅಡಕವಾಗಬೇಕು.

ಮೋಹನತರಂಗಿಣಿಯು ಇದೇ ತೊಡಕನ್ನು ಇನ್ನೊಂದು ಬಗೆಯಲ್ಲಿ ಒಡ್ಡುತ್ತದೆ. ನಲವತ್ತೆರಡು ಸಂಧಿಗಳ ಈ ಸಾಂಗತ್ಯ ಕಾವ್ಯದಲ್ಲಿ ಬರುವ ದ್ವಾರಕೆಯ ವರ್ಣನೆಯು ನಿಜವಾಗಿ ವಿಜಯನಗರದ ವರ್ಣನೆಯೆಂದೂ, ಕೃಷ್ಣನ ವೈಭವದಲ್ಲಿ ಕೃಷ್ಣದೇವರಾಯನ ವೈಭವವೇ ಪಡಿಮೂಡಿದೆಯೆಂದೂ ವಿದ್ವಾಂಸರು ಹೇಳುತ್ತ ಬಂದಿದ್ದಾರೆ. ೧೫೨೦ರ ಸುಮಾರಿನಲ್ಲಿ ಆ ನಗರವನ್ನು ಕಂಡ ಪೋರ್ತುಗೀಜ ಪ್ರವಾಸಿ ಪಾಯೆಸನ ಬರವಣಿಗೆಯೊಡನೆ ಕಾವ್ಯದ ಪೇಟೆ ಬೀದಿಗಳ ವರ್ಣನೆಯನ್ನು ಹೋಲಿಸಿ ಓದುವುದು ವಿದ್ಯಾರ್ಥಿಗಳಿಗೆ ಒಳ್ಳೆಯ ಅಭ್ಯಾಸ. ಆದರೆ ಕೃಷ್ಣದೇವರಾಯನು ತೀರಿಕೊಂಡದ್ದು ೧೫೨೯ರಲ್ಲಿ. ಆಗ ಕವಿಗೆ ಇಪ್ಪತ್ತೇ ವರ್ಷವಾಗಿದ್ದರೆ, ಒಂದೋ ಆ ರಾಜನ ನಗರವನ್ನು ಎಳೆಯ ವಯಸ್ಸಿನಲ್ಲಿ ಕಂಡು ನೆನಪಿನಿಂದ ಮುಂದೆ ಬರೆದಿರಬೇಕು, ಇಲ್ಲವೆ ಅವನು ಕಂಡದ್ದು ಅಚ್ಯುತರಾಯನ ಕಾಲದ ನಗರವಾಗಿರಬೇಕು, ಅದೂ ಅಲ್ಲವಾದರೆ ಹುಟ್ಟಿದ ವರ್ಷವನ್ನೇ ಹಿಂದಕ್ಕೆ ಸರಿಸಬೇಕು. ನಮ್ಮ ಒಲವು ಮೂರನೆಯದರ ಕಡೆಗಿದೆ. ಆದರೆ ಅದು ಒಲವು ಮಾತ್ರ, ತೀರ್ಮಾನವಲ್ಲ.

ಅಂತ್ಯದ ವರ್ಷವನ್ನು ಒಪ್ಪಿದರೆ ಇನ್ನೊಂದು ಪರಿಣಾಮವನ್ನೂ ಒಪ್ಪಬೇಕಾಗುತ್ತದೆ. ಬಂಕಾಪುರವು ವಿಜಾಪುರದ ವಶವಾದಾಗ ಕನಕದಾಸರಿಗೆ ಅರವತ್ತೈದರ ಆಸುಪಾಸು. ಎಂದರೆ ಅವರ ಬಾಳಿನ ಕೊನೆಯ ಮೂವತ್ತಕ್ಕೂ ಹೆಚ್ಚು ವರ್ಷಗಳು, ಅವರು ಹಿಂದೆ ಯಾವ ರಾಜ್ಯಕ್ಕಾಗಿ ಕತ್ತಿ ಹಿಡಿದಿದ್ದರೋ ಆ ರಾಜ್ಯವು ಈ ಸೀಮೆಯಿಂದ ಅಳಿದುಹೋದ ಮೇಲಿನವು. ಪಠ್ಯಪುಸ್ತಕಗಳಲ್ಲಿ ಅವರನ್ನು ವಿಜಯನಗರದ ವೈಭವಕಾಲದ ಕವಿಯೆಂದು ಒಂದೇ ವಾಕ್ಯದಲ್ಲಿ ಮುಗಿಸುವಾಗ ಇದನ್ನು ಯಾರೂ ಲೆಕ್ಕಕ್ಕೆ ತೆಗೆದುಕೊಂಡಂತೆ ಕಾಣುವುದಿಲ್ಲ. ದುರ್ಗವು ಬಿದ್ದಿತು, ನಾಯಕತನವು ಹೋಯಿತು. ಪದಗಳು ಮಾತ್ರ ಹಾಡುವವರ ನಾಲಗೆಯ ಮೇಲೆ ಉಳಿದುಬಂದವು.

ಇದೇ ಶತಮಾನದ ಸುತ್ತಮುತ್ತ ಇಟಲಿಯಲ್ಲಿ ಪುನರುಜ್ಜೀವನದ ಮಹಾಕಲಾವಿದರು ಬಾಳಿದರು. ಅವರ ಹುಟ್ಟೂರುಗಳಿಗೆ ಮಾರ್ಗದರ್ಶಕರೊಡನೆ ಒಂದು ದಿನದ ಪ್ರವಾಸ ಹೋಗಿಬರುವುದು ಯುರೋಪಿನಲ್ಲಿ ಬಹುಕಾಲದ ರೂಢಿ. ಫ್ಲಾರೆನ್ಸಿನಿಂದ ಬೆಳಿಗ್ಗೆ ಹೊರಟು ವಿಂಚಿಯನ್ನು ನೋಡಿಕೊಂಡು ಸಂಜೆಗೆ ಹಿಂದಿರುಗಬಹುದು. ಲಿಯೊನಾರ್ಡೊನ ವಿಷಯದಲ್ಲಿ ಅಲ್ಲಿಯವರಿಗೆ ಇರುವ ಸಾಕ್ಷ್ಯವನ್ನು ನೋಡಿದರೆ ನಮಗೆ ಅಸೂಯೆಯಾಗಬೇಕು. ಅವನ ಅಜ್ಜ ಆಂತೋನಿಯೊ ಎಂಬವನು ಮೊಮ್ಮಗನು ಹುಟ್ಟಿದ ದಿನವನ್ನೂ ಹೊತ್ತನ್ನೂ ತನ್ನ ಕೈಯಾರೆ ಬರೆದಿಟ್ಟಿದ್ದಾನೆ: ೧೪೫೨ನೆಯ ಏಪ್ರಿಲ್ ೧೫, ಶನಿವಾರ, ರಾತ್ರಿಯ ಮೂರನೆಯ ತಾಸು. ದೀಕ್ಷಾಸ್ನಾನ ಮಾಡಿಸಿದ ಪಾದ್ರಿಯ ಹೆಸರೂ ಅಲ್ಲಿದೆ. ಐದು ವರ್ಷಗಳ ಅನಂತರ ಸರಕಾರಕ್ಕೆ ಸಲ್ಲಿಸಿದ ತೆರಿಗೆಯ ವಿವರಣೆಯಲ್ಲಿಯೂ ಆ ಅಜ್ಜನು ಮನೆಯವರ ಪಟ್ಟಿಯಲ್ಲಿ ಐದು ವರ್ಷದ ಲಿಯೊನಾರ್ಡೊನನ್ನು ಎಣಿಸಿದ್ದಾನೆ. ಇಷ್ಟಿದ್ದರೂ ಅವನು ಹುಟ್ಟಿದ ಮನೆ ಯಾವುದೆಂದು ಅಜ್ಜನು ಹೇಳಿಲ್ಲ. ವಿಂಚಿಯಿಂದ ಸುಮಾರು ಮೂರು ಕಿಲೋಮೀಟರು ದೂರದ ಅಂಕಿಯಾನೊ ಎಂಬಲ್ಲಿ ಪ್ರವಾಸಿಗಳಿಗೆ ತೋರಿಸುವ ಕಲ್ಲಿನ ಮನೆಯು ಐತಿಹ್ಯದಿಂದ ಬಂದದ್ದು. ೧೯೫೨ರಲ್ಲಿ, ಐದುನೂರನೆಯ ವರ್ಷದ ಉತ್ಸವದ ಸಂದರ್ಭದಲ್ಲಿ, ಅದನ್ನು ದುರಸ್ತಿ ಮಾಡಿ ಜನರಿಗೆ ತೆರೆದರು. ಹೊತ್ತನ್ನು ತಾಸಿನ ಮಟ್ಟಿಗೆ ಹೇಳಬಲ್ಲ ಊರಿನಲ್ಲಿಯೂ ಮನೆಯ ಮಾತಿಗೆ ಬಂದಾಗ ಐತಿಹ್ಯವೇ ಗತಿ. ಆದ್ದರಿಂದ ಬಾಡದ ಹಿರಿಯರು ‘ಹೇಳಿಸಿಕೊಂಡವರು’ ಆಗಿರುವುದು ನಮ್ಮ ನಾಡಿಗೆ ಮಾತ್ರ ಅಂಟಿದ ದೋಷವೆಂದು ತಿಳಿಯಬೇಕಾಗಿಲ್ಲ.

ಆದರೆ ಹೋಲಿಕೆಯು ಇನ್ನೊಂದು ಕಡೆಯಲ್ಲಿ ಹೆಚ್ಚು ಬೆಳಕನ್ನು ಕೊಡುತ್ತದೆ. ಲಿಯೊನಾರ್ಡೊನ ಹೆಸರಿನಲ್ಲಿಯೇ ಅವನ ಊರಿದೆ. ವಿಂಚಿಯವನು ಎಂದೇ ಲೋಕವು ಅವನನ್ನು ಕರೆಯುತ್ತದೆ. ಕನಕದಾಸರ ಪದಗಳಲ್ಲಿಯೂ ಊರಿನ ಹೆಸರಿದೆ. ಅದು ಬಾಡವಲ್ಲ, ಕಾಗಿನೆಲೆ.

ಈ ಸೀಮೆಯ ಇತರ ಕವಿಗಳನ್ನು ನೋಡಿದರೆ ಇದರ ವಿಶೇಷವು ತಿಳಿಯುತ್ತದೆ. ಇದೇ ಶಿಗ್ಗಾವಿ ತಾಲೂಕಿನ ಶಿಶುವಿನಹಾಳದಲ್ಲಿ ೧೮೧೯ರಲ್ಲಿ ಹುಟ್ಟಿ ೧೮೮೯ರಲ್ಲಿ ಅಗಲಿದ ಶರೀಫ ಸಾಹೇಬರ ಅಂಕಿತದಲ್ಲಿ ಶಿಶುನಾಳವಿದೆ. ಹುಟ್ಟಿದ ಊರೂ ಅಂಕಿತದ ಊರೂ ಒಂದೇ ಆದದ್ದರಿಂದ ಅಲ್ಲಿ ಚರ್ಚೆಗೆ ಎಡೆಯೇ ಇಲ್ಲ. ಸರ್ವಜ್ಞನದು ಇದಕ್ಕೆ ವಿರುದ್ಧವಾದ ಪರಿಸ್ಥಿತಿ. ಅವನನ್ನು ಹಿರೇಕೆರೂರು ಸೀಮೆಯ ಮಾಸೂರು, ಅಬ್ಬಲೂರುಗಳಿಗೆ ಸಂಬಂಧಿಸುವ ಕಥೆ ಪ್ರಬಲವಾಗಿದ್ದರೂ ಅವನ ವಚನದ ಮುದ್ರೆಯಲ್ಲಿ ಊರಿನ ಸುಳಿವಿಲ್ಲ. ಅದೇ ಅಬ್ಬಲೂರಿನಲ್ಲಿ ಏಕಾಂತದ ರಾಮಯ್ಯನ ಪವಾಡವನ್ನು ವಿಸ್ತಾರವಾಗಿ ಹೇಳುವ ಶಿಲಾಶಾಸನವು ಸೋಮೇಶ್ವರ ಗುಡಿಯಲ್ಲಿದೆ. ಫ್ಲೀಟರು ಅದನ್ನು ಸಂಪಾದಿಸಿ ಪ್ರಕಟಿಸಿದ್ದಾರೆ. ತಲೆಯನ್ನು ಕತ್ತರಿಸಿಕೊಟ್ಟು ಮರಳಿ ಪಡೆದ ಘಟನೆಗೆ ಕಲ್ಲಿನ ಸಾಕ್ಷ್ಯವಿದ್ದು, ನಾಡೆಲ್ಲ ಬಲ್ಲ ತ್ರಿಪದಿಕಾರನಿಗೆ ಅದಿಲ್ಲದಿರುವುದು ಚರಿತ್ರೆಯ ವಿನೋದಗಳಲ್ಲಿ ಒಂದು. ಕಲ್ಲಿನ ಮೇಲೆ ಬರೆದದ್ದೆಲ್ಲ ನಡೆದದ್ದಲ್ಲ, ನಡೆದದ್ದೆಲ್ಲ ಕಲ್ಲನ್ನು ಏರಿದ್ದೂ ಅಲ್ಲ.

ಕನಕದಾಸರು ಇವರಿಬ್ಬರ ನಡುವೆ ನಿಲ್ಲುತ್ತಾರೆ. ಅವರ ಅಂಕಿತದಲ್ಲಿ ಊರು ಇದೆ. ಅದು ಹುಟ್ಟಿದ ಊರಲ್ಲ. ದೇವರನ್ನು ಒಯ್ದು ನಿಲ್ಲಿಸಿದ ಊರು. ‘ಕಾಗಿನೆಲೆಯಾದಿಕೇಶವ’ ಎಂದೂ, ಕೆಲವೆಡೆ ‘ನೆಲೆಯಾದಿಕೇಶವ’ ಎಂದೂ, ‘ಆದಿಕೇಶವ’ ಎಂದಷ್ಟೇ ಆಗಿಯೂ ಈ ಅಂಕಿತವು ಪದಗಳ ಕೊನೆಯಲ್ಲಿ ಬರುತ್ತದೆ. ಪದಗಳು ಬಾಯಿಂದ ಬಾಯಿಗೆ ಹರಿದುಬಂದವು; ಹತ್ತೊಂಬತ್ತನೆಯ ಶತಮಾನದ ನಡುವಿನಲ್ಲಿ 

ಮೋಗ್ಲಿಂಗ್ ಪಾದ್ರಿಯವರು ಮಂಗಳೂರಿನಲ್ಲಿ ದಾಸರ ಪದಗಳನ್ನು ಸಂಗ್ರಹಿಸಿ ಅಚ್ಚು ಹಾಕಿಸುವ ಹೊತ್ತಿಗೆ ಕವಿಯು ತೀರಿ ಎರಡು ಶತಮಾನಗಳಿಗೂ ಹೆಚ್ಚು ಕಾಲ ಕಳೆದಿತ್ತು. ಈ ನಡುವೆ ಪಾಠವು ಬದಲಾಗಿರಬಹುದು. ಒಬ್ಬರ ಪದಕ್ಕೆ ಇನ್ನೊಬ್ಬರ ಅಂಕಿತವು ಅಂಟಿರಲೂಬಹುದು. ಆದ್ದರಿಂದ ಯಾವುದೋ ಒಂದು ಪದದ ಅಂಕಿತವನ್ನು ಹಿಡಿದು ವಾದಿಸುವುದು ಅಪಾಯಕರ. ಆದರೆ ಇನ್ನೂರಕ್ಕೆ ಮೇಲ್ಪಟ್ಟ ಪದಗಳಲ್ಲಿ ಬಹುಭಾಗವು ಒಂದೇ ದೇವರನ್ನು, ಆ ದೇವರ ಒಂದೇ ಊರನ್ನು ಕರೆಯುತ್ತಿದ್ದರೆ ಅದನ್ನು ಹಾಡುಗಾರರ ಕೈವಾಡವೆಂದು ತಳ್ಳಿಹಾಕಲಾಗುವುದಿಲ್ಲ. ನಮ್ಮ ಅಭಿಪ್ರಾಯದಲ್ಲಿ ಕನಕದಾಸರ ಊರನ್ನು ಕುರಿತು ಸ್ವತಃ ಕನಕದಾಸರಿಂದಲೇ ಬಂದ ಹೇಳಿಕೆ ಇದೊಂದೇ. ಹುಟ್ಟಿದೂರು ಬಾಡವೆಂಬ ಐತಿಹ್ಯವನ್ನು ಇದು ಅಲ್ಲಗಳೆಯುವುದಿಲ್ಲ. ಮೂರ್ತಿಯನ್ನು ಬಾಡದಿಂದ ಒಯ್ದನೆಂಬ ಕಥೆಗೆ ಒಪ್ಪಾಗಿಯೇ ಇದೆ. ಬಿಟ್ಟು ಹೋದದ್ದು ಯಾವುದು, ಹೋಗಿ ಸೇರಿದ್ದು ಯಾವುದು ಎಂಬುದನ್ನು ಮಾತ್ರ ಇದು ಸ್ಪಷ್ಟಪಡಿಸುತ್ತದೆ. ಹಾಗಿರುವಾಗ ನಾಯಕನ ಅರಮನೆಯ ಮುಂದೆ ಪ್ರವಾಸವನ್ನು ಮುಗಿಸಿ ಹಿಂದಿರುಗುವವರು, ಕವಿಯು ತೊರೆದದ್ದನ್ನು ನೋಡಿ ಆರಿಸಿಕೊಂಡದ್ದನ್ನು ನೋಡದೆ ಬಂದಂತಾಗುವುದಿಲ್ಲವೆ? ಬಾಡವನ್ನು ನೋಡಿ ಊಟದ ಹೊತ್ತಿಗೆ ಹಿಂದಿರುಗುವ ತಂಡಗಳೇ ಹೆಚ್ಚೆಂದು ಅಲ್ಲಿಯವರು ಹೇಳಿದರು.

ವರದಾ ನದಿಯನ್ನು ದಾಟಿ, ಹಾವೇರಿಯನ್ನು ಹಾಯ್ದು, ನಾವು ಕಾಗಿನೆಲೆಯನ್ನು ಸೇರಿದಾಗ ಬಿಸಿಲು ಇಳಿಯುತ್ತಿದ್ದಿತು. ಬ್ಯಾಡಗಿ ತಾಲೂಕಿನ ಈ ಊರು ಕನಕದಾಸರಿಂದ ಹುಟ್ಟಿದ್ದಲ್ಲ. ಅವರಿಗಿಂತ ಹಿಂದಿನ ಗುಡಿಗಳೂ ಶಾಸನಗಳೂ ಇಲ್ಲಿವೆ. ಮೂರ್ತಿಯನ್ನು ತಂದವರು ಒಂದು ಹಳೆಯ ಸ್ಥಳಕ್ಕೇ ತಂದರು. ಬಾಡದಿಂದ ಇಲ್ಲಿಗೆ ನಡೆದೇ ಬರುವವನು ವರದೆಯನ್ನು ದಾಟಲೇಬೇಕು. ಹೊಳೆಯ ಆಚೆಯ ದಡದಲ್ಲಿ ಬಂಕಾಪುರದ ಕೋಟೆ, ಈಚೆಯ ದಡದಲ್ಲಿ ದೇವರ ಗುಡಿ. ನಾಯಕತನದ ನೆರಳಿನಿಂದ ದೂರವಾಗಬೇಕೆಂದು ಬಯಸಿದವನಿಗೆ ಈ ಹೊಳೆಯು ಒಂದು ಗುರುತಾಗಿ ಕಂಡಿತೋ ಇಲ್ಲವೋ, ದಾಟುವಾಗ ನಮ್ಮ ತಂಡದಲ್ಲಿ ಮಾತು ಹಾಗೆ ಬಂದಿತು.

ಆದಿಕೇಶವನ ಗುಡಿಯು ದೊಡ್ಡದಲ್ಲ. ಬಂಕಾಪುರದ ಕಂಬಗಳನ್ನು ಬೆಳಿಗ್ಗೆ ಕಂಡ ಕಣ್ಣಿಗೆ ಇದು ತೀರ ಸಾಧಾರಣವಾಗಿ ತೋರಬಹುದು. ಊರಿನಲ್ಲಿ ಕನಕದಾಸರ ಗದ್ದುಗೆಯಿದೆ; ೧೯೯೨ರಲ್ಲಿ ಸ್ಥಾಪಿತವಾದ ಕನಕ ಗುರುಪೀಠವಿದೆ; ಹೊಸ ಕಟ್ಟಡಗಳೂ ಉದ್ಯಾನವೂ ಇವೆ. ಇಲ್ಲಿಯೂ ಹಳೆಯದು ಹೊಸದು ಒತ್ತಿಕೊಂಡೇ ನಿಂತಿವೆ. ಆದರೆ ಬೆಳಿಗ್ಗೆ ಪಾಠ ಕಲಿತಿದ್ದ ವಿದ್ಯಾರ್ಥಿಗಳು ಈ ಸಲ ಪ್ರತಿಯೊಂದರ ಮುಂದೆಯೂ ನಿಂತು, ಇದು ಯಾವಾಗಿನದು, ಯಾರು ಹೇಳುತ್ತಾರೆ ಎಂದು ಕೇಳತೊಡಗಿದರು. ಕೆಲವು ಪ್ರಶ್ನೆಗಳಿಗೆ ಅರ್ಚಕರು ಉತ್ತರ ಕೊಟ್ಟರು, ಕೆಲವಕ್ಕೆ ನಾವು ಕೊಟ್ಟೆವು, ಕೆಲವು ಉತ್ತರವಿಲ್ಲದೆ ಉಳಿದವು. ನಮ್ಮೊಡನೆ ಬಂದಿದ್ದ ಸಂಗೀತದ ವಿದ್ಯಾರ್ಥಿನಿಯೊಬ್ಬಳು ಗುಡಿಯ ಕಟ್ಟೆಯ ಮೇಲೆ ಕುಳಿತು ಕನಕದಾಸರ ಒಂದು ಪದವನ್ನು ಹಾಡಿದಳು. ಅಂಕಿತದ ಚರಣಕ್ಕೆ ಬಂದಾಗ, ಅಷ್ಟು ಹೊತ್ತೂ ಬಾಗಿಲಿನಲ್ಲಿ ಸುಮ್ಮನೆ ನಿಂತು ಕೇಳುತ್ತಿದ್ದ ಇಬ್ಬರು ಮುದುಕಿಯರು ತಾವೂ ದನಿಗೂಡಿಸಿದರು. ಅವಳು ಕಲಿತ ಪಾಠಕ್ಕೂ ಅವರ ಪಾಠಕ್ಕೂ ಒಂದು ಶಬ್ದದ ವ್ಯತ್ಯಾಸವಿದ್ದಿತು. ಅದನ್ನು ಬರೆದುಕೊಂಡೆವು.

ಹಾವೇರಿಯ ನಿಲ್ದಾಣದಲ್ಲಿ ಗಾಡಿಯು ಒಂದು ತಾಸು ತಡವಾಗಿದ್ದಿತು. ಆ ಹೊತ್ತಿನಲ್ಲಿ ಮಾರ್ಗಸೂಚಿಯ ಪ್ರತಿಗಳನ್ನು ಒಟ್ಟುಮಾಡಿ, ಬಾಡದ ಎದುರಿನ ಎರಡು ಮಾತನ್ನು ಪ್ರತಿಯೊಂದರಲ್ಲಿಯೂ ಮಸಿಯಿಂದ ಹೊಡೆದುಹಾಕಿ, ಈ ರೀತಿ ಬರೆಯಿಸಿದೆವು: ‘ಬಾಡ: ಕನಕದಾಸರ ಹುಟ್ಟೂರೆಂದು ಐತಿಹ್ಯ. ಈಗ ಕಾಣುವ ಕೋಟೆ ಅರಮನೆಗಳು ಕಾಗಿನೆಲೆ ಅಭಿವೃದ್ಧಿ ಪ್ರಾಧಿಕಾರವು ನಮ್ಮ ಕಾಲದಲ್ಲಿ ಕಟ್ಟಿಸಿದವು. ಕಾಗಿನೆಲೆ: ಕವಿಯು ತನ್ನ ಪದಗಳಲ್ಲಿ ಹೆಸರಿಸಿದ ಊರು.’ ಮುಂದಿನ ವರ್ಷದ ಪ್ರವಾಸಕ್ಕೆ ಇದೇ ಪಾಠವನ್ನು ಅಚ್ಚಿಗೆ ಕೊಡಲಾಗಿದೆ.